ಹೊರಗಿನ ಬೆಸುಗೆ

ನನ್ನ ತಂಗಿ ಪರಮಾಣು ವಿಜ್ಞಾನಿ ಎಂದರೆ ಜನ ಮೊದಲು ಕೇಳುವುದು ಬಾಂಬಿನ ಬಗ್ಗೆ. ಆಮೇಲೆ ಕರೆಂಟಿನ ಬಗ್ಗೆ. ನಮ್ಮ ಚಿಕ್ಕಪ್ಪ ಒಂದು ಮದುವೆ ಮನೆಯಲ್ಲಿ ಎಲೆಯ ಮುಂದೆ ಕೂತವರು ಪಕ್ಕಕ್ಕೆ ಬಾಗಿ, ಬೇರೆಯವರಿಗೆ ಕೇಳಿಸದ ಹಾಗೆ, "ನಿಜ ಹೇಳಮ್ಮ, ನಮ್ ಹತ್ರ ಒಟ್ಟು ಎಷ್ಟಿದೆ?" ಎಂದು ಕೇಳಿದ್ದರು. ಅವಳು ಹೋಳಿಗೆ ಮುರಿಯುತ್ತ, "ನನ್ ಹತ್ರ ಒಂದೂ ಇಲ್ಲ ಚಿಕ್ಕಪ್ಪ. ನಾನು ಪರಮಾಣುನ ಒಡೆಯಲ್ಲ, ನಿಲ್ಲಿಸ್ತೀನಿ" ಎಂದಳು. ಚಿಕ್ಕಪ್ಪ ನನ್ನ ಕಡೆ ನೋಡಿ ಕಣ್ಣು ಹೊಡೆದರು. ಸರ್ಕಾರದ ಗುಟ್ಟು, ಹುಡುಗಿ ಬಾಯಿ ಬಿಡುವುದಿಲ್ಲ ಎಂದುಕೊಂಡರೋ ಏನೋ.

ನಿಲ್ಲಿಸುವುದು ಎಂದರೇನು ಎಂದು ನನಗೂ ಬಹಳ ಕಾಲ ಗೊತ್ತಿರಲಿಲ್ಲ. ಗೊತ್ತಾದ ಮೇಲೆ ನಾನು ಮಾಡಿದ ಕೆಲಸವನ್ನು ಇಲ್ಲಿ ಬರೆಯುತ್ತಿದ್ದೇನೆ. ಅದಕ್ಕೂ ಮೊದಲು ಅವಳು ಆ ಕೋಣೆಯವರೆಗೆ ಹೇಗೆ ಬಂದಳು ಎಂದು ಹೇಳಬೇಕು. ಇಲ್ಲದಿದ್ದರೆ ನಾನು ಕೆಡಿಸಿದ್ದು ಎಂಥದ್ದು ಎಂದು ಓದುವವರಿಗೆ ತಿಳಿಯುವುದಿಲ್ಲ.

ನಾವಿಬ್ಬರೂ ಗೋವಿಂದರಾಜನಗರದ ಬಾಡಿಗೆ ಮನೆಯಲ್ಲಿ ಬೆಳೆದವರು. ನಾನು ಎಸ್ಸೆಸ್ಸೆಲ್ಸಿಯಲ್ಲಿ ಗಣಿತದಲ್ಲೂ ಇಂಗ್ಲಿಷಿನಲ್ಲೂ ಫೇಲಾದೆ. ಮತ್ತೆ ಪರೀಕ್ಷೆಗೆ ಕಟ್ಟಲಿಲ್ಲ. ತಂಗಿ ಓದಲಿ ಎಂದು ಅಣ್ಣ ಶಾಲೆ ಬಿಟ್ಟ ಎಂದು ನೆಂಟರು ಹೇಳುವುದುಂಟು. ಅದು ಸುಳ್ಳು. ನನಗೆ ಓದು ಹತ್ತಲಿಲ್ಲ, ವೆಲ್ಡಿಂಗ್ ಹತ್ತಿತು. ಆದರೂ ಆ ಮಾತು ಬಂದಾಗಲೆಲ್ಲ ತಿದ್ದದೆ ಸುಮ್ಮನೆ ತಲೆ ತಗ್ಗಿಸಿ ಕೂತಿದ್ದೇನೆ. ಹಾಗೆ ಕೂರುವುದು ಚೆನ್ನಾಗಿರುತ್ತದೆ.

ಅವಳು ಪಿಯುಸಿಯಲ್ಲಿ ತೆಗೆದ ಅಂಕಕ್ಕೆ ಇಂಜಿನಿಯರಿಂಗ್ ಸೀಟು ಸಿಗುತ್ತಿತ್ತು. ಬಿಎಸ್ಸಿ ಓದುತ್ತೇನೆ ಎಂದಳು. ಅಮ್ಮ ಎರಡು ದಿನ ಅವಳ ಜೊತೆ ಮಾತು ಬಿಟ್ಟರು. "ಬಿಎಸ್ಸಿ ಮಾಡಿ ಏನಾಗ್ತೀಯೇ, ಟೀಚರಾ?" ಎಂದು ನಾನೇ ರೇಗಿಸಿದೆ. "ಗೊತ್ತಿಲ್ಲ ಕಣೋ. ಇನ್ನೂ ತಿಳ್ಕೋಬೇಕು ಅನ್ಸ್ತಿದೆ" ಎಂದಳು. ಆಮೇಲೆ ಜ್ಞಾನಭಾರತಿಯಲ್ಲಿ ಎಂಎಸ್ಸಿ. ಅಲ್ಲಿ ಪ್ರಯೋಗಶಾಲೆಯ ಮೇಷ್ಟ್ರು ಒಬ್ಬರು ಅವಳ ಕೈಗೆ ಧೂಳು ಹಿಡಿದ ಒಂದು ಹಳೆಯ ಲೇಸರ್ ಕೊಟ್ಟು, ಇದನ್ನು ಹೊತ್ತಿಸಿದರೆ ಪಾಸು ಎಂದರಂತೆ. ಪಿಎಚ್‌ಡಿಗೆ ಮೊದಲ ವರ್ಷ ಎಲ್ಲೂ ಸೀಟು ಸಿಗಲಿಲ್ಲ. ಸಂದರ್ಶನದಲ್ಲಿ ಇಂಗ್ಲಿಷ್ ತಡವರಿಸಿತು ಎಂದು ಬಂದು ಹೇಳಿದಳು. ಅಳಲಿಲ್ಲ. ಆ ವರ್ಷ ಚಂದ್ರಾ ಲೇಔಟಿನಲ್ಲಿ ಪಿಯುಸಿ ಮಕ್ಕಳಿಗೆ ಟ್ಯೂಷನ್ ಹೇಳಿಕೊಂಡು, ಅದೇ ಪ್ರಶ್ನೆಗಳಿಗೆ ಅಡುಗೆ ಮನೆಯ ಗೋಡೆಗೆ ಮುಖ ಮಾಡಿ ಇಂಗ್ಲಿಷಿನಲ್ಲಿ ಉತ್ತರ ಹೇಳಿಕೊಳ್ಳುತ್ತಿದ್ದಳು. ಮರುವರ್ಷ ಸಿಕ್ಕಿತು.

ಪಿಎಚ್‌ಡಿ ಎಷ್ಟು ವರ್ಷವಾದರೂ ಮುಗಿಯಲಿಲ್ಲ. ಹೆಣ್ಣು ನೋಡಲು ಬಂದವರ ಮುಂದೆ ಅಮ್ಮ "ಈ ವರ್ಷ ಮುಗಿಯುತ್ತೆ" ಎಂದು ಪ್ರತಿ ವರ್ಷವೂ ಹೇಳುತ್ತಿದ್ದರು. ಅವಳು ಮಾಡುತ್ತಿದ್ದುದನ್ನು ಒಮ್ಮೆ ನೋಡಿದ್ದೇನೆ. ಒಂದು ದೊಡ್ಡ ಉಕ್ಕಿನ ಮೇಜು, ಅದರ ತುಂಬ ಬೆರಳಗಲದ ಕನ್ನಡಿಗಳು. ಒಂದೊಂದು ಕನ್ನಡಿಗೂ ಒಂದೊಂದು ತಿರುಪು. ತಿರುಪನ್ನು ಕೂದಲಷ್ಟು ತಿರುಗಿಸಿ ಬೆಳಕು ಎಲ್ಲಿ ಬಿತ್ತು ಎಂದು ನೋಡುವುದು. ಯಾರೋ ಬಾಗಿಲು ಹಾಕಿದರೆ ಎಲ್ಲ ಕದಲಿ, ಮತ್ತೆ ಮೊದಲಿಂದ. ಅದಾದ ಮೇಲೆ ಕೆಲವು ವರ್ಷ ಹೊರದೇಶದ ಪ್ರಯೋಗಶಾಲೆಯಲ್ಲಿ ಇನ್ನೊಬ್ಬರ ಕೈಕೆಳಗೆ ಕೆಲಸ. ವಾಪಸ್ ಬಂದಾಗ ಕೆಂಗೇರಿಯ ಆಚೆಗಿರುವ ಒಂದು ಸಂಶೋಧನಾ ಸಂಸ್ಥೆ ಅವಳಿಗೆ ಒಂದು ಖಾಲಿ ಕೋಣೆ ಕೊಟ್ಟಿತು, ಅದರ ಜೊತೆಗೆ ಒಂದು ಗಡುವು. ಗಡುವಿನೊಳಗೆ ಆ ಕೋಣೆಯಲ್ಲಿ ಪರಮಾಣುಗಳನ್ನು ಹಿಡಿದು ತೋರಿಸಿದರೆ ಹುದ್ದೆ ಕಾಯಂ. ಇಲ್ಲದಿದ್ದರೆ ಕೋಣೆ ಬೇರೆಯವರಿಗೆ. ಅವಳ ವಯಸ್ಸಿಗೆ ಬೇರೆ ಸಂಸ್ಥೆಗಳು ಹೊಸಬಳೆಂದು ತೆಗೆದುಕೊಳ್ಳುವ ಕಾಲ ಮುಗಿದಿತ್ತು. ಇಷ್ಟು ವರ್ಷದ ಓದು ಆ ಒಂದು ಕೋಣೆಗೆ ಬಂದು ನಿಂತಿತ್ತು.

ಹಿಡಿಯುವುದು ಹೇಗೆ ಎಂದು ಅವಳು ನನಗೆ ಹೇಳಿದ್ದು ನನ್ನ ಶಾಪಿನಲ್ಲಿ ಕೂತು, ಪಕ್ಕದ ಅಂಗಡಿಯಿಂದ ತಂದ ಚಹಾ ಕುಡಿಯುತ್ತ.

"ಇಲ್ಲಿ ಗಾಳಿಯಲ್ಲಿ ಒಂದೊಂದು ಕಣನೂ ಬುಲೆಟ್ ಥರ ಓಡ್ತಾ ಇರುತ್ತೆ. ಓಡೋದನ್ನ ಸರಿಯಾಗಿ ಅಳೆಯೋಕಾಗಲ್ಲ. ಸುತ್ತ ಆರು ಕಡೆಯಿಂದ ಲೇಸರ್ ಬಿಟ್ಟು ತಡೆದ್ರೆ ಮಧ್ಯದಲ್ಲಿ ನಿಧಾನ ಆಗ್ಬಿಡುತ್ತೆ."

"ಬೆಳಕಿಗೆ ತಳ್ಳೋ ಶಕ್ತಿ ಇರುತ್ತೇನೇ?"

"ನಿನ್ನಂಥ ದಪ್ಪಗಿರೋನನ್ನ ತಳ್ಳೋಕಾಗಲ್ಲ. ಪರಮಾಣುಗೆ ಸಾಕು."

"ನಿಂತ ಮೇಲೆ?"

"ಅದರ ಹತ್ರ ಟೈಮ್ ಕೇಳ್ಬಹುದು. ಅದಕ್ಕಿಂತ ಸರಿಯಾದ ಗಡಿಯಾರ ಇಲ್ಲ ಕಣೋ. ಆದ್ರೆ ಡಬ್ಬದೊಳಗೆ ಬೇರೆ ಗಾಳಿ ಇರ್ಬಾರ್ದು. ಯಾವುದಾದ್ರೂ ಕಣ ಬಂದು ಗುದ್ದಿದ್ರೆ ನಿಂತಿದ್ದೂ ಹಾರೋಗುತ್ತೆ."

ಆ ಡಬ್ಬವನ್ನು ನಾನು ಮಾಡಿಕೊಡಬೇಕು ಎಂದು ಕೇಳಲು ಬಂದಿದ್ದಳು. ಹೊರದೇಶದಿಂದ ತರಿಸಿದರೆ ಗಡುವಿನ ಅರ್ಧ ಕಾಲ ಕಾಯುವುದರಲ್ಲೇ ಕಳೆಯುತ್ತಿತ್ತು.

ನನ್ನದು ಮಾಗಡಿ ರಸ್ತೆಗೆ ಸೇರುವ ಒಂದು ಗಲ್ಲಿಯಲ್ಲಿ ಸ್ಟೀಲ್ ಕೆಲಸದ ಶಾಪು. ದರ್ಶಿನಿಗಳಿಗೆ ಇಡ್ಲಿ ಬೇಯಿಸುವ ಪೆಟ್ಟಿಗೆ, ಸಾಂಬಾರಿನ ತೊಟ್ಟಿ, ಕಲ್ಯಾಣ ಮಂಟಪಗಳಿಗೆ ಸಿಂಕು, ಇವೇ ನನ್ನ ಕೆಲಸ. ನನ್ನ ಪೆಟ್ಟಿಗೆಯಿಂದ ಹಬೆ ಸೋರುವುದಿಲ್ಲ. ಎಲ್ಲ ಕೂಡಿಸುವ ಜಾಗಕ್ಕೂ ಒಳಗೊಂದು ಸುತ್ತು, ಹೊರಗೊಂದು ಸುತ್ತು ಆರ್ಗಾನ್ ವೆಲ್ಡಿಂಗ್ ಹೊಡೆಯುತ್ತೇನೆ. ಹೊರಗಿನದನ್ನು ಗ್ರೈಂಡ್ ಮಾಡಿ ಪಾಲಿಷ್ ಕೊಟ್ಟರೆ ಬೆಸುಗೆ ಎಲ್ಲಿದೆ ಎಂದು ಬೆರಳಿಗೂ ಸಿಗುವುದಿಲ್ಲ. ನನ್ನ ಗುರುಗಳು ಕಲಿಸಿದ್ದು ಹಾಗೆ. ಒಂದೇ ಸುತ್ತು ಹೊಡೆದು ಕೊಡುವವನನ್ನು ನಮ್ಮ ಗಲ್ಲಿಯಲ್ಲಿ ಕಳ್ಳ ಎನ್ನುತ್ತೇವೆ.

ಸಂಸ್ಥೆಯ ಹಿರಿಯರೊಬ್ಬರು "ಇಡ್ಲಿ ಪೆಟ್ಟಿಗೆ ಮಾಡೋರ ಹತ್ರ ಮಾಡಿಸ್ತೀರಾ?" ಎಂದು ಕೇಳಿದ್ದರಂತೆ. "ಅವನ ಪೆಟ್ಟಿಗೆ ಲೀಕಾಗಲ್ಲ ಸಾರ್" ಎಂದು ಇವಳು ಉತ್ತರ ಕೊಟ್ಟಿದ್ದಳಂತೆ. ಅದನ್ನು ನಾನು ಗಲ್ಲಿಗೆಲ್ಲ ಹೇಳಿಕೊಂಡು ಬಂದೆ.

ಅವಳ ಷರತ್ತುಗಳು ಬಹಳ ಇದ್ದವು. ಬರಿಗೈಯಲ್ಲಿ ಮುಟ್ಟಬಾರದು. ಪಾಲಿಷ್ ಸೋಪು ಒಳಗೆ ತಾಗಬಾರದು. ಎಣ್ಣೆ ಬೇಡ. ಎಲ್ಲಕ್ಕೂ ಒಪ್ಪಿದೆ, ಎಲ್ಲವನ್ನೂ ಪಾಲಿಸಿದೆ, ಒಂದನ್ನು ಬಿಟ್ಟು. ಲೇಸರ್ ಒಳಬಿಡುವ, ಗಾಳಿ ಎಳೆಯುವ ಕೊಳವೆಗಳನ್ನು ಡಬ್ಬದ ಮೈಗೆ ಕೂಡಿಸುವ ಕಡೆ ಬೆಸುಗೆ ಒಳಗಿನಿಂದ ಮಾತ್ರ ಇರಬೇಕು ಎಂದಿದ್ದಳು.

"ಹೊರಗಡೆ?"

"ಹೊರಗಡೆ ಬೇಡ. ಗಟ್ಟಿ ಬೇಕು ಅನ್ಸಿದ್ರೆ ಅಲ್ಲಲ್ಲಿ ಚುಕ್ಕಿ ಇಡು. ಪೂರ್ತಿ ಸುತ್ತು ಮಾತ್ರ ಹಾಕ್ಬೇಡ ಅಣ್ಣ. ಎರಡು ಬೆಸುಗೆ ಮಧ್ಯೆ ಗಾಳಿ ಸಿಕ್ಕಾಕೊಂಡ್ಬಿಟ್ರೆ ಬೇಗ ಈಚೆಗೆ ಬರಲ್ಲ, ಸ್ವಲ್ಪ ಸ್ವಲ್ಪನೇ ಡಬ್ಬದೊಳಗೆ ಸೋರ್ತಾ ಇರುತ್ತೆ."

ಕೇಳಿಸಿಕೊಂಡೆ. ಕೂದಲೆಳೆಯಷ್ಟು ಸಂದಿಯಲ್ಲಿ ಎಷ್ಟು ಗಾಳಿ ಇದ್ದೀತು ಎಂದು ಮನಸ್ಸಿನಲ್ಲೇ ನಕ್ಕೆ. ಓದಿದವರ ಮಡಿ ಎಂದುಕೊಂಡೆ.

ಕೆಲಸ ಮುಗಿಸಿ ಮೇಜಿನ ಮೇಲಿಟ್ಟಾಗ ಅದು ಅರ್ಧಕ್ಕೆ ನಿಲ್ಲಿಸಿದ ವಸ್ತುವಿನ ಹಾಗೆ ಕಾಣುತ್ತಿತ್ತು. ಪ್ರತಿ ಕೊಳವೆಯ ಬುಡದಲ್ಲೂ ಕಪ್ಪನೆಯ ಗೆರೆ, ಬಾಯಿ ಬಿಟ್ಟ ಸಂದಿ. ಪಕ್ಕದ ಲೇತ್ ಶಾಪಿನವನು ಬಂದು ಸುತ್ತ ತಿರುಗಿ ನೋಡಿ, "ಏನ್ ಗುರು, ತಂಗಿ ಕೆಲಸ ಅಂತ ಹೊರಗಡೆ ವೆಲ್ಡಿಂಗೇ ಉಳಿಸ್ಬಿಟ್ಟೆ? ಬೇರೆ ಕಸ್ಟಮರ್ ಆಗಿದ್ರೆ ಹಿಂಗೆ ಕೊಡ್ತಿದ್ಯಾ?" ಎಂದ. ತಮಾಷೆಗೆ ಹೇಳಿ ಹೋದ. ನಾನು ಸಂಜೆಯವರೆಗೂ ಆ ಗೆರೆಗಳನ್ನೇ ನೋಡುತ್ತ ಕೂತೆ. ವಿಜ್ಞಾನಿಗಳೆಲ್ಲ ಬಂದು ನೋಡುವ ವಸ್ತು. ನನ್ನ ಕೈಯ ಕೆಲಸ ಎಂದು ಅವಳು ಹೇಳಿಕೊಳ್ಳುವ ವಸ್ತು. ಎದ್ದು ವೆಲ್ಡಿಂಗ್ ಟಾರ್ಚ್ ಹಿಡಿದೆ. ಎಲ್ಲ ಕೊಳವೆಗೂ ಹೊರಗಿನಿಂದ ತೆಳುವಾಗಿ ಒಂದು ಪೂರ್ತಿ ಸುತ್ತು ಹೊಡೆದೆ. ಗ್ರೈಂಡ್ ಮಾಡಿ ಉಜ್ಜಿದೆ. ಒಂದೇ ಲೋಹದಲ್ಲಿ ಹುಟ್ಟಿದ ಹಾಗೆ ಹೊಳೆಯಿತು. ಅಷ್ಟು ಚೆಂದದ ಕೆಲಸವನ್ನು ನಾನು ಅಲ್ಲಿಯವರೆಗೆ ಮಾಡಿರಲಿಲ್ಲ.

ತಂಗಿ ಬಂದು ಕೈಗವಸು ಹಾಕಿಕೊಂಡು ಎತ್ತಿ ನೋಡಿದಳು. "ಹೊರಗಡೆ ಗ್ಯಾಪೇ ಕಾಣ್ತಿಲ್ವಲ್ಲೋ" ಎಂದಳು. "ಫಿಟಿಂಗ್ ಅಷ್ಟು ಟೈಟಾಗಿ ಮಾಡಿದೀನಿ ಕಣೇ. ಪಾಲಿಷ್ ಬೇರೆ ಕೊಟ್ಟಿದೀನಿ" ಎಂದೆ. ಅವಳು ನನ್ನ ಬೆನ್ನು ತಟ್ಟಿದಳು.

ಡಬ್ಬಕ್ಕೆ ಗಾಳಿ ಎಳೆಯುವ ಪಂಪು ಹಚ್ಚಿದರು. ಸುತ್ತ ಹೀಟರ್ ಪಟ್ಟಿ ಸುತ್ತಿ, ಅದರ ಮೇಲೆ ಅಲ್ಯೂಮಿನಿಯಂ ಹಾಳೆ ಹೊದಿಸಿ, ಒಳಗಿನ ತೇವ ಹೋಗಲಿ ಎಂದು ದಿನಗಟ್ಟಲೆ ಕಾಯಿಸಿದರು. ಆರಿದ ಮೇಲೆ ಒತ್ತಡ ತೋರಿಸುವ ಗೇಜಿನ ಅಂಕಿ ಒಂದು ಮಟ್ಟಕ್ಕೆ ಇಳಿದು ಅಲ್ಲೇ ನಿಂತಿತು. ಅವಳಿಗೆ ಬೇಕಾದದ್ದು ಅದಕ್ಕಿಂತ ಬಹಳ ಕೆಳಗೆ. ಬಿಚ್ಚಿದರು, ತೊಳೆದರು, ಕೂಡುವ ಕಡೆ ಗಾಳಿ ತಡೆಯುವ ತಾಮ್ರದ ಉಂಗುರಗಳನ್ನೆಲ್ಲ ಬದಲಿಸಿದರು, ಮತ್ತೆ ಕಾಯಿಸಿದರು. ಅದೇ ಮಟ್ಟ. ಮನೆಗೆ ಬಂದಾಗ ಕೇಳಿದರೆ "ಲೀಕ್ ಸಿಗ್ತಿಲ್ಲ" ಎನ್ನುವಳು. ಪಂಪಿನದೇ ತೊಂದರೆ ಇರಬೇಕು ಎಂದು ನಾನೂ ಅಂದುಕೊಂಡಿದ್ದೆ. ನಾನು ಹೊಡೆದ ಹೊರಗಿನ ಸುತ್ತೇ ಕಾರಣವಿರಬಹುದೆಂದು ನನ್ನ ಮನಸ್ಸಿಗೆ ಹೊಳೆದಿರಲಿಲ್ಲ ಎಂದರೆ ನಂಬಬೇಕು. ಫಿಟಿಂಗ್ ಟೈಟು ಎಂದ ಒಂದು ಸುಳ್ಳು ಬಿಟ್ಟರೆ ಅಲ್ಲಿಯವರೆಗಿನದು ತಪ್ಪು ಮಾತ್ರ.

ಒಂದು ದಿನ ಪಂಪಿಗೆ ಸ್ಟ್ಯಾಂಡು ಮಾಡಿಸಿದ್ದಳು, ಕೊಡಲು ಹೋದೆ. ಅವಳ ಜೊತೆ ಸಂಶೋಧನೆ ಮಾಡುವ ಗದಗಿನ ಕಡೆಯ ಹುಡುಗಿ ಕೈಯಲ್ಲಿ ಸಣ್ಣ ಕೊಳವೆ ಹಿಡಿದು ಡಬ್ಬದ ಸುತ್ತ ಹೀಲಿಯಂ ಬಿಡುತ್ತಿದ್ದಳು. ಸಣ್ಣ ತೂತಿದ್ದರೂ ಹೀಲಿಯಂ ಒಳಗೆ ನುಗ್ಗುತ್ತದೆ, ಆ ಕಡೆಯ ಯಂತ್ರ ಕೂಗುತ್ತದೆ. ಯಂತ್ರ ಕೂಗುತ್ತಿರಲಿಲ್ಲ.

"ಹೊರಗಿಂದ ಏನೂ ಬರ್ತಿಲ್ಲ" ಎಂದಳು ತಂಗಿ. ಕಣ್ಣು ಒಳಗೆ ಹೋಗಿದ್ದವು. "ಒಳಗೇ ಎಲ್ಲೋ ಗಾಳಿ ಅಡಗಿಕೊಂಡು ಕೂತಿದೆ. ಸ್ವಲ್ಪ ಸ್ವಲ್ಪ ಬಿಡ್ತಾ ಇದೆ. ಇಂಥದ್ದು ಹೀಲಿಯಂಗೆ ಸಿಗಲ್ಲ."

ಎರಡು ಬೆಸುಗೆ, ಮಧ್ಯದಲ್ಲಿ ಒಂದು ಸಂದಿ. ಅವಳು ಶಾಪಿನಲ್ಲಿ ಹೇಳಿದ್ದು ಆಗ ನೆನಪಾಯಿತು.

ಅವಳು ನನ್ನ ಕಡೆ ತಿರುಗಿದಳು. "ಅಣ್ಣ, ಹೊರಗಡೆ ಸುತ್ತು ಏನೂ ಹೊಡ್ದಿಲ್ಲ ತಾನೆ?"

"ಇಲ್ಲ ಕಣೇ. ನೀನು ಬೇಡ ಅಂದಿದ್ಯಲ್ಲ."

"ಖಂಡಿತಾ?"

"ನನ್ ಮೇಲೇ ಡೌಟಾ ನಿಂಗೆ?"

"ಛೇ, ಹಂಗಲ್ಲ ಬಿಡು" ಎಂದು ಮತ್ತೆ ಡಬ್ಬದ ಕಡೆ ಬಾಗಿದಳು. ಆಮೇಲೆ ಕೇಳಲಿಲ್ಲ. ಪಟ್ಟಿಯಲ್ಲಿದ್ದ ಅನುಮಾನಗಳಿಂದ ನನ್ನ ಬೆಸುಗೆಯನ್ನು ತೆಗೆದುಹಾಕಿ ಉಳಿದದ್ದನ್ನೆಲ್ಲ ಹುಡುಕಿದಳು.

ಏಕೆ ಹಾಗೆಂದೆ ಎಂದು ಬಹಳ ಯೋಚಿಸಿದ್ದೇನೆ. ನಿಜ ಹೇಳಿದರೆ ಇಡ್ಲಿ ಪೆಟ್ಟಿಗೆಯ ಮಾತೆತ್ತಿದವರ ಮುಂದೆ ಅವಳಿಗೇ ಅವಮಾನ, ಆದ್ದರಿಂದ ಅವಳಿಗಾಗಿಯೇ ಸುಮ್ಮನಿದ್ದೇನೆ ಎಂದು ಸಮಾಧಾನ ಮಾಡಿಕೊಂಡೆ. ಬೈಕಿನಲ್ಲಿ ಮೈಸೂರು ರಸ್ತೆಯ ಟ್ರಾಫಿಕ್‌ನಲ್ಲಿ ನಿಂತಾಗ ಆ ಸಮಾಧಾನ ಸರಿಯಾಗಿಯೇ ಕೇಳಿಸುತ್ತಿತ್ತು. ಆದರೆ ಎದೆಯಲ್ಲಿದ್ದದ್ದು ಬೇರೆ. ನನ್ನ ಕೆಲಸ ಸೋರಿತು ಎಂಬ ಮಾತನ್ನು ಜನರ ಬಾಯಲ್ಲಿ ಕೇಳಲು ನನಗೆ ಆಗುತ್ತಿರಲಿಲ್ಲ. ಅಷ್ಟೇ.

ತಂಗಿ ಯಾವತ್ತೂ ಜೋರಾಗಿ ಮಾತಾಡುವವಳಲ್ಲ. ಆ ತಿಂಗಳುಗಳಲ್ಲಿ ರೇಗತೊಡಗಿದಳು. ಅಮ್ಮನ ಮೇಲೆ, ಆಟೋದವರ ಮೇಲೆ, ಎಲ್ಲಕ್ಕಿಂತ ಹೆಚ್ಚಾಗಿ ಆ ಗದಗಿನ ಹುಡುಗಿಯ ಮೇಲೆ. ನಾನು ಕೇಳಿದರೆ "ಅವಳು ಗ್ಲೌಸ್ ಇಲ್ದೆ ಮುಟ್ಟಿರ್ಬೇಕು, ಬೆರಳಿನ ಜಿಡ್ಡು ಒಳಗೆ ಕೂತಿದೆ, ಇನ್ನೇನಿರುತ್ತೆ?" ಎನ್ನುವಳು. ನಾನು ಊಟದ ತಟ್ಟೆ ನೋಡುವೆ.

ಆ ಹುಡುಗಿ ಒಂದು ಬೆಳಿಗ್ಗೆ ಶಾಪಿಗೆ ಬಂದಳು. ಸಂಸ್ಥೆಗೆ ಸೇರಿದ ಕೆಲವು ಅಳತೆಯ ಸಾಮಾನು ನನ್ನ ಹತ್ತಿರ ಉಳಿದಿದ್ದವು, ತೆಗೆದುಕೊಂಡು ಹೋಗಲು. ಕುರ್ಚಿ ಹಾಕಿದೆ. ಕೂರಲಿಲ್ಲ.

"ಇದು ಕಡೀ ಕೆಲಸ ನೋಡ್ರಿ ಅಣ್ಣಾರ. ಇದನ್ನ ಮೇಡಂಗ ಕೊಟ್ಟು ಊರಿಗೆ ಹೊಂಟೀನಿ."

"ರಜಾ ಹಾಕಿದೀಯೇನಮ್ಮ?"

"ರಜಾ ಅಲ್ರಿ. ಬಿಡಾಕತ್ತೀನಿ. ನನ್ನ ಕೈಲೇ ಏನೋ ಹೊಲಸು ಆಗೇತ್ರಿ ಒಳಗ. ನಾ ಮುಟ್ಟಿಲ್ಲ ಅಂತ ಭಾಳ ಸಲ ಹೇಳೀನಿ. ಹೇಳಿ ಹೇಳಿ ಈಗ ನನಗ ಡೌಟ್ ಬರಾಕತ್ತೇತಿ, ಮುಟ್ಟೀನೇನೋ ಅಂತ." ಅಷ್ಟು ಹೇಳಿ ನಗಲು ನೋಡಿದಳು. "ಮೇಡಂದು ನೌಕರಿ ಹೋದ್ರ ನನ್ನಿಂದ ಹೋತು ಅಂತ ಆಗಬಾರದ್ರಿ."

ಹೊಲದ ಕೆಲಸ ಮಾಡುವ ಅಪ್ಪ ಅಮ್ಮನಿಗೆ ತಾನು ಏನು ಓದುತ್ತಿದ್ದೇನೆಂದು ವಿವರಿಸಲು ಅವಳೂ ಪಾಡುಪಟ್ಟಿರಬೇಕು. ನನ್ನ ತಂಗಿ ನಡೆದ ದಾರಿಯಲ್ಲೇ ಅವಳೂ ಹೊರಟಿದ್ದಳು. ಅವಳನ್ನು ಅರ್ಧ ದಾರಿಯಲ್ಲಿ ಇಳಿಸುತ್ತಿದ್ದವನು ನಾನು.

"ಇಲ್ಲೇ ನಿಂತ್ಕೋ" ಎಂದು ಶಾಪಿನ ಷಟರ್ ಎಳೆದೆ. "ನಾನೂ ಬರ್ತೀನಿ. ಗಾಡಿ ಹತ್ತು."

ದಾರಿಯಲ್ಲಿ ಅವಳಿಗೆ ಏನೂ ಹೇಳಲಿಲ್ಲ. ಹೇಳಬೇಕಾದದ್ದು ಇಬ್ಬರಿಗೂ ಒಟ್ಟಿಗೆ ಹೇಳಬೇಕಿತ್ತು.

ಪ್ರಯೋಗಶಾಲೆಯಲ್ಲಿ ತಂಗಿ ಮೆಟ್ಟಿಲು ಸ್ಟೂಲಿನ ಮೇಲೆ ನಿಂತು ಏನನ್ನೋ ಬಿಗಿಯುತ್ತಿದ್ದಳು. ನಾನು ಬಾಗಿಲಲ್ಲೇ ನಿಂತು, "ಹೊರಗಡೆ ಸುತ್ತು ಹೊಡ್ದಿದೀನಿ" ಎಂದೆ.

ಅವಳು ಸ್ಪ್ಯಾನರ್ ಕೆಳಗಿಟ್ಟಳು. "ಯಾವ ಕೊಳವೆಗೆ?"

"ಎಲ್ಲಕ್ಕೂ."

"ನಾನು ಕೇಳ್ದಾಗ ನಿಂಗೆ ಗೊತ್ತಿತ್ತಾ?"

"ಗೊತ್ತಿತ್ತು."

ಬಯ್ಯುತ್ತಾಳೆ ಎಂದು ಕಾದೆ. ಬಯ್ಯಲಿಲ್ಲ. ಸ್ಟೂಲಿನಿಂದ ಇಳಿದು, ಮೂಲೆಯ ಕಪಾಟಿನಿಂದ ಕೈ ಡ್ರಿಲ್ಲಿಂಗ್ ಮೆಷಿನ್ ತಂದು ನನ್ನ ಮುಂದೆ ಹಿಡಿದಳು. "ಕೆಳಗಡೆ ಕೊಳವೆಯಲ್ಲಿ ತೂತು ಹಾಕು. ಹೊರಗಿನ ಬೆಸುಗೆ ಮಾತ್ರ. ಸಂದಿ ಸಿಕ್ಕಿದ ತಕ್ಷಣ ನಿಲ್ಲಿಸು." ಮೆಷಿನ್ ತೆಗೆದುಕೊಂಡು ಕೆಳಗೆ ಬಾಗಿದೆ. ಸೂಜಿಯಷ್ಟು ತೂತು ಹಾಕಿ ನಿಲ್ಲಿಸಿದೆ. ಹುಡುಗಿ ಅಲ್ಲಿಗೆ ಹೀಲಿಯಂ ಹಿಡಿದಳು. ಅಷ್ಟು ತಿಂಗಳು ಬಾಯಿ ಮುಚ್ಚಿಕೊಂಡಿದ್ದ ಯಂತ್ರ ಕೀ ಎಂದು ಕೂಗಿತು. ಒಳಗಿನ ಬೆಸುಗೆಯಲ್ಲಿ ಕಣ್ಣಿಗೆ ಕಾಣದ ಒಂದು ರಂಧ್ರ ಇತ್ತು. ನಾನು ಹೊರಗಿನಿಂದ ಮುಚ್ಚದಿದ್ದರೆ ಮೊದಲ ದಿನವೇ ಸಿಕ್ಕಿಬಿಡುತ್ತಿತ್ತು.

ತಂಗಿ ಆ ಹುಡುಗಿಯ ಕಡೆ ತಿರುಗಿ, ನನ್ನ ಎದುರಿಗೇ, ಕೈ ಮುಗಿದಳು. ಹುಡುಗಿ ಗಾಬರಿಯಾಗಿ ಹಿಂದೆ ಸರಿದಳು. "ತಪ್ಪು ನನ್ನದು ತಾಯಿ, ಅವಳದಲ್ಲ" ಎಂದೆ ನಾನು. "ನೀನು ಸುಮ್ನಿರು" ಎಂದಳು ತಂಗಿ. ಆ ದಿನ ನನ್ನ ಜೊತೆ ಆಡಿದ ಕೊನೆಯ ಮಾತು ಅದು. ಹುಡುಗಿ ಊರಿಗೆ ಹೋಗಲಿಲ್ಲ.

ಗಡುವು ಕೊಟ್ಟಿದ್ದ ಸಂಸ್ಥೆಯ ಸಮಿತಿಯ ಮುಂದೆ ನಾನು ಬಂದು ಹೇಳುತ್ತೇನೆ ಎಂದೆ. ತಂಗಿ ಒಪ್ಪಲಿಲ್ಲ. ಬೆಸುಗೆ ತಪ್ಪಾಗಿತ್ತು, ಅದನ್ನು ಅಳೆಯದೆ ಬಾಯಿ ಮಾತಿನ ಮೇಲೆ ಒಪ್ಪಿಕೊಂಡವಳು ನಾನು ಎಂದು ಅವಳೇ ಹೇಳಿದಳಂತೆ. ಗಡುವು ಮುಂದಕ್ಕೆ ಹಾಕಿ ಎಂದು ಅವಳು ಕೇಳಿದ್ದರ ಅರ್ಧ ಕಾಲ ಕೊಟ್ಟರು. ಅಷ್ಟರಲ್ಲಿ ಹೊಸ ಡಬ್ಬ, ಹೊಸ ಪಂಪಿಂಗ್, ಪರಮಾಣು, ಎಲ್ಲವೂ ಆಗಬೇಕು. ಅವಳ ಕಡೆಯಿಂದ ಬಂದದ್ದು ಫೋನಿನಲ್ಲಿ ಎರಡೇ ಮಾತು. "ಹೊಸದು ಮಾಡು. ಈ ಸಲ ನಾನು ಹೇಳಿದ ಹಾಗೆ."

ಬೇರೆ ಆರ್ಡರ್‌ಗಳನ್ನೆಲ್ಲ ನಿಲ್ಲಿಸಿದೆ. ಒಂದು ದರ್ಶಿನಿಯವರು ಬಂದು ಜಗಳವಾಡಿ ಮುಂಗಡ ವಾಪಸ್ ತೆಗೆದುಕೊಂಡು ಹೋದರು. ಒಳಗಿನಿಂದ ರಂಧ್ರವಿಲ್ಲದೆ ಒಂದೇ ಸುತ್ತು ಹೊಡೆಯುವುದು ನನಗೆ ಬರುತ್ತಿರಲಿಲ್ಲ, ಇದನ್ನು ಒಪ್ಪಿಕೊಳ್ಳಲು ಒಂದು ವಾರ ಹಿಡಿಯಿತು. ಇಷ್ಟು ವರ್ಷ ಒಳಗಿನ ತಪ್ಪನ್ನು ಹೊರಗಿನ ಸುತ್ತು ಮುಚ್ಚುತ್ತಿತ್ತು. ತುಂಡು ಕೊಳವೆಗಳ ಮೇಲೆ ಅಭ್ಯಾಸ ಮಾಡಿದೆ. ಹೊಡೆದ ಬೆಸುಗೆಯನ್ನು ಗರಗಸದಿಂದ ಸೀಳಿ, ಎಲ್ಲಿ ಲೋಹ ಪೂರ್ತಿ ಕರಗಿಲ್ಲ ಎಂದು ನೋಡಿದೆ. ಟಾರ್ಚಿನ ಮೂತಿ ಬಗ್ಗಿಸಿ, ಕನ್ನಡಿಯಲ್ಲಿ ನೋಡಿಕೊಂಡು ತಲೆಕೆಳಗಾಗಿ ಹೊಡೆಯಲು ಕಲಿತೆ. ಸೀಳಿದ ತುಂಡುಗಳು ಬಾಗಿಲ ಹತ್ತಿರ ಗುಡ್ಡೆಯಾದವು. ಪಕ್ಕದ ಶಾಪಿನವನು "ಗುಜರಿ ಅಂಗಡಿ ಇಟ್ಯಾ ಗುರು?" ಎಂದ. ಹೊಸ ಡಬ್ಬ ನೋಡಿ, "ಮತ್ತೆ ಹೊರಗಡೆ ಬಿಟ್ಬಿಟ್ಯಲ್ಲೋ!" ಎಂದ. "ಬಿಟ್ಟಿದೀನಿ, ಹಂಗೇ ಇರುತ್ತೆ" ಎಂದೆ.

ಈ ಸಲ ಗೇಜು ಇಳಿಯಿತು. ಎರಡು ದಿನ ಇಳಿಯುತ್ತಲೇ ಇತ್ತು. ಲೇಸರ್‌ಗಳನ್ನು ಸರಿಪಡಿಸಲು ಇನ್ನೂ ಬಹಳ ದಿನ ಹಿಡಿಯಿತು. ಗಡುವು ಹತ್ತಿರ ಬಂದಾಗ ಒಂದು ಮಧ್ಯಾಹ್ನ ಹುಡುಗಿಯೇ ಫೋನ್ ಮಾಡಿದಳು. "ಬರ್ರಿ ಅಣ್ಣಾರ, ಸಿಕ್ಕಾವು!"

ಹೋದೆ. ಕತ್ತಲು ಮಾಡಿದ ಕೋಣೆಯಲ್ಲಿ ಸಣ್ಣ ಪರದೆ. ಅದರ ಮಧ್ಯದಲ್ಲಿ ಸಾಸಿವೆಯಷ್ಟು ಬಿಳಿ ಚುಕ್ಕೆ. ಸ್ವಲ್ಪ ಅಲುಗುತ್ತಿತ್ತು, ಆದರೆ ಅಲ್ಲೇ ಇತ್ತು. ಲಕ್ಷಗಟ್ಟಲೆ ಪರಮಾಣುಗಳಂತೆ. ತಂಗಿ ಹುಡುಗಿಯ ಹೆಗಲ ಮೇಲೆ ಕೈಯಿಟ್ಟು ನಿಂತಿದ್ದಳು. ನನಗೆ ಜಾಗ ಬಿಟ್ಟಳು. ನಾನು ಬಾಗಿ ಆ ಚುಕ್ಕೆಯನ್ನು ನೋಡಿದೆ.

ಅವಳ ಹುದ್ದೆ ಉಳಿಯಿತು. ಆದರೆ ಅವಳು ಮೊದಲು ಮಾಡಬೇಕೆಂದಿದ್ದ ಅಳತೆಯನ್ನು ಅಷ್ಟರಲ್ಲಿ ಬೇರೆ ದೇಶದವರು ಮಾಡಿ ಪ್ರಕಟಿಸಿದ್ದರು. ಅದನ್ನು ಬಿಟ್ಟು ಬೇರೊಂದನ್ನು ಹಿಡಿದಿದ್ದಾಳೆ. ಕಳೆದ ಆ ತಿಂಗಳುಗಳನ್ನು ನಾನು ಯಾವ ಬೆಸುಗೆಯಿಂದಲೂ ಕೂಡಿಸಿಕೊಡಲಾರೆ.

ಈಗಲೂ ಅವಳಿಗೆ ಬೇಕಾದ ಸಾಮಾನು ನಾನೇ ಮಾಡುತ್ತೇನೆ. ಮೊದಲಿನಂತೆ ಶಾಪಿಗೆ ಬಂದು ಚಹಾ ಕುಡಿಯುತ್ತಾಳೆ, ನನ್ನ ಹೊಟ್ಟೆ ನೋಡಿ ನಗುತ್ತಾಳೆ. ಆದರೆ ನನ್ನ ಮಾತಿನ ಮೇಲೆ ಯಾವುದನ್ನೂ ತೆಗೆದುಕೊಳ್ಳುವುದಿಲ್ಲ. ಚೀಲದಿಂದ ಕಾಗದದಷ್ಟು ತೆಳ್ಳಗಿನ ಒಂದು ಉಕ್ಕಿನ ಪಟ್ಟಿ ತೆಗೆದು, ಪ್ರತಿ ಕೊಳವೆಯ ಬುಡದ ಸಂದಿಗೆ ತೂರಿಸಿ, ಹೊರಗಿನಿಂದ ಎಲ್ಲೂ ಮುಚ್ಚಿಲ್ಲವಲ್ಲ ಎಂದು ಸುತ್ತ ಎಳೆದು ನೋಡುತ್ತಾಳೆ. ಮೊದಮೊದಲು ಕೆಲಸಗಾರರ ಎದುರಿಗೆ ಅವಳು ಹಾಗೆ ಮಾಡುವಾಗ ನನಗೆ ಮುಖ ಎತ್ತಲಾಗುತ್ತಿರಲಿಲ್ಲ. ಈಗ ನಾನೇ ಬ್ಯಾಟರಿ ಲೈಟು ಹಿಡಿದು ಪಕ್ಕದಲ್ಲಿ ನಿಲ್ಲುತ್ತೇನೆ. ಪಟ್ಟಿ ಎಲ್ಲಾದರೂ ಸಿಕ್ಕಿಕೊಂಡರೆ ಅವಳು ಬಾಯಿ ತೆರೆಯುವ ಮೊದಲೇ "ಇದು ಬೇಡ, ಇನ್ನೊಂದು ಮಾಡ್ಕೊಡ್ತೀನಿ" ಎಂದು ಪಕ್ಕಕ್ಕಿಡುತ್ತೇನೆ.